ಕಾರ್ಡಿನಲ್ಲಿ ಏನಿದೆ, ಏನಿಲ್ಲ

ನಮ್ಮ ವೇದಿಕೆಯ 2025ರ ರಾಜ್ಯೋತ್ಸವ ಕೂಟದಲ್ಲಿ ಆಡಿದ ಮಾತು. ಸಂಪಾದಕರು ಬರೆದುಕೊಡಿ ಅಂದರು, ಹೇಳಿದ ಹಾಗೇ ಬರೆದಿದ್ದೇನೆ.

ಅಡಿಲೇಡಿನಲ್ಲಿ ಈಗ ಸಂಜೆ ಆರೂವರೆ, ಪರದೆ ಮೇಲೆ ಕಾಣ್ತಿರೋ ಬ್ರಿಸ್ಬೇನಿನವರಿಗೆ ಆರು, ಪರ್ತಿನವರಿಗೆ ಇನ್ನೂ ನಾಲ್ಕೇ ಗಂಟೆ. ಇಲ್ಲಿ ಬಿಸಿಬೇಳೆಬಾತಿನ ವಾಸನೆ ಬರ್ತಾ ಇದೆ, ಹಾಗಾಗಿ ಬೇಗ ಮುಗಿಸೋಕೆ ನೋಡ್ತೀನಿ. ಕ್ಯಾಂಪಿನಿಂದ ಫೋನಲ್ಲಿ ಕೇಳ್ತಿರೋ ನೈಟ್ ಶಿಫ್ಟಿನವರೇ, ನೀವು ನಿದ್ದೆ ಬಿಟ್ಟು ಕೂತಿದ್ದೀರಿ ಅಂತ ಗೊತ್ತು. ನಿಮಗಾಗಿಯೇ ಈ ವಿಷಯ ತಗೊಂಡೆ.

ರಾಜ್ಯೋತ್ಸವದ ದಿನ ವಿಡಿಯೋ ಗೇಮ್ ಬಗ್ಗೆ ಮಾತಾಡ್ತೀಯೇನಪ್ಪಾ ಅಂತ ಹಿರಿಯರೊಬ್ಬರು ಕೇಳಿದರು. ಮಾತಾಡ್ತೀನಿ ಸಾರ್ ಅಂದೆ. ಯಾಕಂದ್ರೆ ಏಳು ವರ್ಷದಲ್ಲಿ ನಮ್ಮ ಹುಡುಗರು ನನ್ನ ಹತ್ತಿರ ಅತಿ ಹೆಚ್ಚು ಕೇಳಿರೋದು ವೀಸಾ ಬಗ್ಗೆ ಅಲ್ಲ, ಟ್ಯಾಕ್ಸ್ ಬಗ್ಗೆಯೂ ಅಲ್ಲ. "ಅಣ್ಣಾ, ಗೇಮ್ ಇಳಿಸಿದೀನಿ, ಎಲ್ಲಿ ಹೋಯ್ತೋ ಕಾಣ್ತಿಲ್ಲ." "ಅಣ್ಣಾ, ಕಾರ್ಡ್ ತುಂಬಿದೆ ಅಂತಿದೆ, ಯಾವುದು ಅಳಿಸಲಿ?" ಹನ್ನೆರಡು ಗಂಟೆ ಶಿಫ್ಟ್ ಮುಗಿಸಿ, ಡಬ್ಬಿಯಂಥ ರೂಮಿನಲ್ಲಿ ಒಬ್ಬನೇ ಕೂರೋ ಮನುಷ್ಯನಿಗೆ ಕೈಯಲ್ಲಿ ಹಿಡಿಯೋ ಆ ಮೆಷಿನ್ ಏನು ಅಂತ ಕ್ಯಾಂಪಿನಲ್ಲಿ ಇದ್ದವರಿಗೆ ಗೊತ್ತು. ಉಳಿದವರು ಆಟದ ಸಾಮಾನು ಅಂದ್ಕೋತಾರೆ.

ನಾನು ಕಂಪ್ಯೂಟರ್ ಓದಿದವನಲ್ಲ. ಡೀಸೆಲ್ ಮೆಕ್ಯಾನಿಕ್. ಸಂಡೂರಿನವನು. ಕಲಿತಿದ್ದೆಲ್ಲ ಕೆಡಿಸಿ ಕಲಿತಿದ್ದು.

ಸಂಡೂರಿನಲ್ಲಿ ಅದಿರಿನ ಲಾರಿಗಳು ಸಾಲು ಹಿಡಿದು ಓಡ್ತಿದ್ದ ಕಾಲದಲ್ಲಿ ನನ್ನ ಕೈಯಲ್ಲಿ ಸ್ವಲ್ಪ ದುಡ್ಡು ಓಡಾಡ್ತಿತ್ತು. ಬೆಂಗಳೂರಿಗೆ ಹೋದವನು ಸೆಕೆಂಡ್‌ಹ್ಯಾಂಡ್ ಪಿಎಸ್‌ಪಿ ಒಂದು ತಂದೆ, ಸೋನಿಯದ್ದು. ಎಸ್.ಪಿ. ರೋಡಿನಲ್ಲಿ ಅದಕ್ಕೆ ಮೆಮೊರಿ ಸ್ಟಿಕ್ ಕೊಂಡೆ. ಯುಎಸ್‌ಬಿ ವೈರ್ ಚುಚ್ಚಿ ಕಂಪ್ಯೂಟರಿನಲ್ಲಿ ತೆಗೆದರೆ ಒಳಗೆ ಪಿಎಸ್‌ಪಿ ಅಂತಲೇ ಒಂದು ಫೋಲ್ಡರ್. ಅದರೊಳಗೆ ಗೇಮ್ ಅಂತ ಒಂದು, ಸೇವ್‌ಡೇಟಾ ಅಂತ ಇನ್ನೊಂದು. ಇಳಿಸಿಕೊಂಡ ಆಟ ಗೇಮ್ ಫೋಲ್ಡರಿನಲ್ಲಿ, ನಾನು ಆಡಿ ಎಲ್ಲಿಗೆ ಮುಟ್ಟಿದ್ದೆನೋ ಆ ಲೆಕ್ಕ ಸೇವ್‌ಡೇಟಾದಲ್ಲಿ. ಎಷ್ಟು ಸಲೀಸು ನೋಡಿ, ಹಗೇವಿನಲ್ಲಿ ಜೋಳ, ಪೆಟ್ಟಿಗೆಯಲ್ಲಿ ದುಡ್ಡು. ಸ್ಟಿಕ್ ತೆಗೆದು ಗೆಳೆಯನ ಪಿಎಸ್‌ಪಿಗೆ ಹಾಕಿದರೆ ನನ್ನ ಸೇವ್ ಅಲ್ಲೇ ಬಂತು. ಅವತ್ತು ನನ್ನ ತಲೆಯಲ್ಲಿ ಒಂದು ಮಾತು ಕೂತುಬಿಡ್ತು: ಕಾರ್ಡ್ ನಮ್ಮ ಹತ್ತಿರ ಇದ್ದರೆ ಎಲ್ಲಾ ನಮ್ಮ ಹತ್ತಿರ ಇದ್ದ ಹಾಗೆ. ಹನ್ನೆರಡು ಹದಿಮೂರು ವರ್ಷ ಆದ ಮೇಲೆ ಅದೇ ಮಾತು ನನ್ನನ್ನ ಮುಳುಗಿಸಿತು.

2011ರ ಜುಲೈ 29ಕ್ಕೆ ಸುಪ್ರೀಂ ಕೋರ್ಟ್ ಬಳ್ಳಾರಿ ಜಿಲ್ಲೆಯ ಗಣಿಗಾರಿಕೆ ನಿಲ್ಲಿಸಿತು. ಆ ಕಥೆ ಇಲ್ಲಿ ಕೂತಿರೋ ನಮ್ಮ ಕಡೆಯವರಿಗೆ ಹೇಳಬೇಕಿಲ್ಲ. ಗ್ಯಾರೇಜಿನಲ್ಲಿ ಕೆಲಸ ಇಲ್ಲ, ಪಿಎಸ್‌ಪಿ ಮಾರಿದೆ, ಮಸ್ಕತ್ತಿಗೆ ಹೋದೆ. ಅಲ್ಲಿಂದ 2018ರಲ್ಲಿ 482 ವೀಸಾ ಮೇಲೆ ಪರ್ತ್. ಹೆಂಡತಿ, ಮಗಳು ಜೊತೆಗೇ ಬಂದರು. ಕೆಲಸ ಪಿಲ್ಬರಾದಲ್ಲಿ, ಎರಡು ವಾರ ಮೇಲೆ, ಒಂದು ವಾರ ಮನೆ. ವಿಮಾನ ನ್ಯೂಮನ್‌ನಲ್ಲಿ ಇಳಿದ ತಕ್ಷಣ ಬೂಟಿಗೆ ಕೆಂಪು ಧೂಳು ಹತ್ತಿತಲ್ಲ, ನಗು ಬಂತು ನನಗೆ. ಇದೇ ಧೂಳು ಬಿಟ್ಟು ಓಡಿಬಂದೆ, ಇದೇ ಧೂಳಿಗೇ ಬಂದು ಬಿದ್ದೆ.

ಮಗಳಿಗೆ ಎಂಟು ತುಂಬಿದಾಗ, 2019ರಲ್ಲಿ, ನಿಂಟೆಂಡೋ ಸ್ವಿಚ್ ಕೊಡಿಸಿದೆ. ಅದರಲ್ಲಿ ಅವಳು ಹಿಡಿದಿದ್ದು ಸ್ಟಾರ್‌ಡ್ಯೂ ವ್ಯಾಲಿ ಅನ್ನೋ ಆಟ. ಎರಿಕ್ ಬರೋನ್ ಅನ್ನೋ ಒಬ್ಬನೇ ಮನುಷ್ಯ ಕೂತು ಮಾಡಿದ ಆಟ ಅದು. ತಾತನೊಬ್ಬ ಸಾಯೋವಾಗ ಮೊಮ್ಮಗುವಿಗೆ ಪತ್ರ ಕೊಡ್ತಾನೆ, ಹಳ್ಳಿಯ ಹಾಳುಬಿದ್ದ ಹೊಲ ಅದಕ್ಕೆ ಬರುತ್ತೆ, ಅಲ್ಲಿಂದ ಶುರು. ಕಲ್ಲು ತೆಗಿ, ಬೀಜ ಹಾಕು, ದಿನಾ ನೀರು ಹಾಕು, ಹಸು ಕಟ್ಟು. 28 ದಿನಕ್ಕೆ ಒಂದು ಋತು. ನೀರು ಹಾಕದಿದ್ದರೆ ಬೆಳೆ ಬೆಳೆಯೋಲ್ಲ. ರಾತ್ರಿ ಮಲಗಿದಾಗ ಮಾತ್ರ ಸೇವ್ ಆಗುತ್ತೆ. ನನ್ನ ಮಗಳು ಹೊಲಕ್ಕೆ ಸಂಡೂರು ಅಂತ ಹೆಸರಿಟ್ಟಳು. ಹಸುವಿಗೆ ಗೌರಿ, ಅವಳ ತಾತನ ಮನೆಯ ಹಸುವಿನ ಹೆಸರು.

2020ರ ಫೆಬ್ರುವರಿಯಲ್ಲಿ ಮಾವನವರಿಗೆ ಹುಷಾರಿಲ್ಲ ಅಂತ ಹೆಂಡತಿ ಮಗಳು ಊರಿಗೆ ಹೋದರು. ಆರು ವಾರಕ್ಕೆ ಅಂತ ಹೋದದ್ದು. ಮಾರ್ಚ್ 20ರ ರಾತ್ರಿ ಒಂಬತ್ತಕ್ಕೆ ಆಸ್ಟ್ರೇಲಿಯಾದ ಬಾಗಿಲು ಮುಚ್ಚಿತು. ಇಲ್ಲಿನ ಪ್ರಜೆಗಳು, ಪಿಆರ್ ಇದ್ದವರು ಬರಬಹುದಿತ್ತು. ನಮ್ಮಂಥ ತಾತ್ಕಾಲಿಕ ವೀಸಾದವರು ಹೊರಗಿದ್ದರೆ ಹೊರಗೇ. ಏಪ್ರಿಲ್ 5ಕ್ಕೆ ಪಶ್ಚಿಮ ಆಸ್ಟ್ರೇಲಿಯಾ ಉಳಿದ ರಾಜ್ಯಗಳಿಗೂ ಗಡಿ ಮುಚ್ಚಿತು. ನಾನು ಹೋದರೆ ವಾಪಸ್ ಬರೋಕೆ ಆಗೋಲ್ಲ, ಅವರು ಬರೋಕೆ ಬಿಡೋಲ್ಲ. ಇಲ್ಲಿ ಎಷ್ಟೋ ಮನೆಯಲ್ಲಿ ಇದೇ ಕಥೆ ನಡೆದಿದೆ, ನನ್ನದೇನು ದೊಡ್ಡದಲ್ಲ.

ಪರ್ತಿಗೂ ಊರಿಗೂ ಎರಡೂವರೆ ಗಂಟೆ ವ್ಯತ್ಯಾಸ. ಸಂಜೆ ಆರಕ್ಕೆ ಶಿಫ್ಟ್ ಬಿಟ್ಟರೆ ಅಲ್ಲಿ ಮಧ್ಯಾಹ್ನ ಮೂರೂವರೆ. ವಿಡಿಯೋ ಕಾಲ್‌ನಲ್ಲಿ ಮಗಳು ನನ್ನ ಆರೋಗ್ಯ ಕೇಳೋ ಮೊದಲು ಕೇಳ್ತಿದ್ದಳು, "ಅಪ್ಪಾ, ನನ್ನ ಹೊಲಕ್ಕೆ ನೀರು ಹಾಕಿದೆಯಾ?" ಮೆಷಿನ್ ಪರ್ತಿನಲ್ಲೇ ಬಿಟ್ಟು ಹೋಗಿದ್ದಳು. ಅದನ್ನ ಬ್ಯಾಗಿನಲ್ಲಿ ಹಾಕ್ಕೊಂಡು ಕ್ಯಾಂಪಿಗೆ ಹೋಗೋದು ಅಭ್ಯಾಸ ಮಾಡ್ಕೊಂಡೆ. ವಾರಕ್ಕೆ ಎರಡು ಸಲ, ಆಟದ ಒಂದೊಂದು ದಿನ, ಒಂದು ದಿನಕ್ಕೆ ಸುಮಾರು ಹದಿನಾಲ್ಕು ನಿಮಿಷ. ಫೋನನ್ನ ಪರದೆ ಎದುರು ಹಿಡಿದು ತೋರಿಸ್ತಿದ್ದೆ. ಮಾವನವರೂ ಬಂದು ನೋಡ್ತಿದ್ದರು. "ಏನಪ್ಪಾ ಅಳಿಯಂದಿರೇ, ಆಸ್ಟ್ರೇಲಿಯಾಕ್ಕೆ ಹೋಗಿ ಒಕ್ಕಲುತನ ಮಾಡ್ತಿದ್ದೀರಿ" ಅಂತ ನಗ್ತಿದ್ದರು.

2021ರ ಏಪ್ರಿಲ್ ಕೊನೆಗೆ ಇಂಡಿಯಾದಿಂದ ಬರೋ ವಿಮಾನಗಳೂ ನಿಂತವು. ಮೇ 14ಕ್ಕೆ ಮಾವನವರು ಹೋದರು, ಕೋವಿಡ್‌ನಲ್ಲಿ. ನಾನು ಮಣ್ಣಿಗೆ ಹೋಗಲಿಲ್ಲ. ಫೋನಿನಲ್ಲೇ ನೋಡಿದೆ.

ಅದೇ ತಿಂಗಳ 10ಕ್ಕೆ ಇನ್ನೊಂದು ನಡೆದಿತ್ತು, ನನ್ನ ಗಮನಕ್ಕೇ ಬಂದಿರಲಿಲ್ಲ. ನನ್ನ ಬ್ಯಾಂಕ್ ಕಾರ್ಡ್ ಅವಧಿ ಮುಗಿದು ಹೊಸದು ಬಂದಿತ್ತು. ಸ್ವಿಚ್‌ನ ಆನ್‌ಲೈನ್ ಸದಸ್ಯತ್ವಕ್ಕೆ ಹಳೆ ಕಾರ್ಡಿನ ನಂಬರೇ ಇತ್ತು, ದುಡ್ಡು ಕಟ್ ಆಗಲಿಲ್ಲ, ಸದಸ್ಯತ್ವ ನಿಂತುಹೋಯ್ತು. ಮೇಲ್ ಬಂದಿತ್ತು. ಆ ತಿಂಗಳು ಮೇಲ್ ಯಾರು ನೋಡ್ತಾರೆ. ಆ ಸದಸ್ಯತ್ವ ಇದ್ದರೆ ಬಹುಪಾಲು ಆಟಗಳ ಸೇವ್ ತಾನಾಗಿಯೇ ಕ್ಲೌಡಿಗೆ ಹೋಗಿ ಕೂರುತ್ತೆ. ನಿಂತರೆ ಹೋಗೋದೂ ನಿಲ್ಲುತ್ತೆ. ಅದಾದ ಮೇಲೆ ಐದು ತಿಂಗಳು ನಾನು ವಾರಕ್ಕೆ ಎರಡು ಸಲ ಅಲ್ಲ, ರಾತ್ರಿ ನಿದ್ದೆ ಬರದೆ ದಿನಾ ಆಡಿದೆ. ಏನು ಆಡಿದೆ ಅಂತ ನೆನಪಿಲ್ಲ. ಬೆರಳು ತಾನಾಗಿ ಓಡ್ತಿತ್ತು.

ಅಕ್ಟೋಬರ್ 8ಕ್ಕೆ ದೊಡ್ಡ ಪರದೆಯ ಓಎಲ್‌ಇಡಿ ಸ್ವಿಚ್ ಬಂತು. ಹಳೇದರ ಪರದೆ ಒಂದು ಮೂಲೆ ಬಿರುಕು ಬಿಟ್ಟಿತ್ತು. ಮಗಳು ಬರೋ ಹೊತ್ತಿಗೆ ಹೊಸದಿರಲಿ ಅಂತ ತಗೊಂಡೆ. ಹಳೇದನ್ನ ಒಬ್ಬ ಹುಡುಗನಿಗೆ ಮಾರಿದೆ. ಮಾರೋ ಮುಂಚೆ ಜವಾಬ್ದಾರಿಯಾಗಿ ಸೆಟ್ಟಿಂಗ್ಸ್‌ಗೆ ಹೋಗಿ ಪೂರ್ತಿ ಅಳಿಸಿ, ಕಾರ್ಖಾನೆಯಿಂದ ಬಂದ ಹಾಗೆ ಮಾಡಿ ಕೊಟ್ಟೆ. ಮೈಕ್ರೋ ಎಸ್‌ಡಿ ಕಾರ್ಡ್ ತೆಗೆದು ಪರ್ಸಿನಲ್ಲಿ ಇಟ್ಕೊಂಡೆ. ಎಲ್ಲಾ ಇದರಲ್ಲಿದೆಯಲ್ಲ ಅಂತ.

ಅಕ್ಟೋಬರ್ 19, ಮಂಗಳವಾರ, ಕ್ಯಾಂಪಿನ ರೂಮು. ಹೊಸ ಮೆಷಿನ್‌ಗೆ ಕಾರ್ಡ್ ಹಾಕಿದರೆ ಆ ಆಟ ತೆರೆಯೋದಿಲ್ಲ. ಒಂದು ಸ್ವಿಚ್ ಕಾರ್ಡಿಗೆ ಬರೆದದ್ದನ್ನ ಇನ್ನೊಂದು ಸ್ವಿಚ್ ಓದೋಲ್ಲ, ಮತ್ತೆ ಇಳಿಸಿಕೋಬೇಕು. ಸರಿ, ಇಳಿಸಿದೆ. ಕ್ಯಾಂಪಿನ ವೈಫೈ, ರಾತ್ರಿ ಹತ್ತಾಯ್ತು. ಆಟ ತೆರೆದೆ. ಲೋಡ್ ಒತ್ತಿದೆ. ಖಾಲಿ.

ಆವಾಗ ಓದಿದೆ. ಮೊದಲು ಓದಬೇಕಿತ್ತು. ಸ್ವಿಚ್‌ನಲ್ಲಿ ಆಟ ಕಾರ್ಡಿನಲ್ಲಿ ಇರಬಹುದು, ಮೆಷಿನ್ ಒಳಗೂ ಇರಬಹುದು, ಆದರೆ ಸೇವ್ ಇರೋದು ಯಾವಾಗಲೂ ಮೆಷಿನ್ ಒಳಗೇ. ಅದನ್ನ ಕಾರ್ಡಿಗೆ ಸಾಗಿಸೋ ದಾರಿಯೇ ಇಲ್ಲ. ಎರಡೂ ಮೆಷಿನ್ ಪಕ್ಕಪಕ್ಕ ಇಟ್ಟು ಒಂದರಿಂದ ಇನ್ನೊಂದಕ್ಕೆ ಸೇವ್ ಕಳಿಸೋ ವ್ಯವಸ್ಥೆ ಇದೆ, ಐದು ನಿಮಿಷದ ಕೆಲಸ. ಅದಕ್ಕೆ ಹಳೇ ಮೆಷಿನ್ ಬೇಕಲ್ಲ. ಅದನ್ನ ನಾನೇ ತೊಳೆದು ಕೊಟ್ಟಿದ್ದೆ. ಜೋಳದ ಚೀಲ ಜೋಪಾನ ಮಾಡಿ, ಪೆಟ್ಟಿಗೆ ಗುಜರಿಗೆ ಹಾಕಿದ್ದೆ.

ಆ ರಾತ್ರಿ ಹೆಂಡತಿಗೆ ಫೋನ್ ಮಾಡಿ ಹೇಳಿದೆ. "ರೀ, ಅವಳಿಗೆ ಹೇಳಬೇಡಿ" ಅಂದಳು. ಇಷ್ಟೇ ಮಾತಾಡಿದ್ದು.

ಓದ್ತಾ ಓದ್ತಾ ಬೆಳಗಿನ ಜಾವ ಇನ್ನೊಂದು ಸಾಲು ಸಿಕ್ಕಿತು. ಸದಸ್ಯತ್ವ ನಿಂತ ಮೇಲೂ ಕ್ಲೌಡಿನಲ್ಲಿದ್ದ ಸೇವ್‌ಗಳನ್ನ 180 ದಿನ ಇಟ್ಟಿರ್ತಾರೆ, ಅಷ್ಟರೊಳಗೆ ಮತ್ತೆ ಸೇರಿಕೊಂಡರೆ ವಾಪಸ್ ತಗೋಬಹುದು. ಮೇ 10ರಿಂದ ಬೆರಳು ಮಡಚಿ ಎಣಿಸಿದೆ. 162. ಇನ್ನು 18 ದಿನ ಇತ್ತು. ತಿಂಗಳಿಗೆ ಐದಾರು ಡಾಲರ್, ಒಂದು ಕಾಫಿ ದುಡ್ಡು, ಹೊಸ ಕಾರ್ಡ್ ನಂಬರ್ ಹಾಕಿ ಕಟ್ಟಿದೆ. ಆಟದ ಚಿತ್ರದ ಮೇಲೆ ನಿಂತು ಪ್ಲಸ್ ಬಟನ್ ಒತ್ತಿ, ಸೇವ್ ಡೇಟಾ ಕ್ಲೌಡ್ ಅನ್ನೋದಕ್ಕೆ ಹೋದರೆ, ಅಲ್ಲಿತ್ತು. ಕೊನೆಯ ನಕಲು ಮೇ 9ರದ್ದು. ಇಳಿಯೋಕೆ ಒಂದು ನಿಮಿಷವೂ ಹಿಡಿಯಲಿಲ್ಲ, ಸೇವ್ ಅಂದ್ರೆ ಆಟದ ಮುಂದೆ ಸಾಸಿವೆ ಕಾಳು.

ಹೊಲ ಇತ್ತು. ಗೌರಿ ಇದ್ದಳು. ನಾನು ಐದು ತಿಂಗಳು ಆಡಿದ್ದು ಏನೂ ಇರಲಿಲ್ಲ. ಎರಡನೇ ವರ್ಷದ ಚಳಿಗಾಲಕ್ಕೆ ಹೋಗಿ ನಿಂತಿತ್ತು.

ಮಗಳಿಗೆ ಆಮೇಲೆ ನಾನೇ ಹೇಳಿದೆ, ಮುಚ್ಚಿಡೋಕಾಗಲಿಲ್ಲ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಂಗಾದ್ರೆ ತಾತ ಇದ್ದಾಗ ಹೆಂಗಿತ್ತೋ ಹಂಗೇ ಇದೆಯಾ?" ಅಂದಳು. ಹೂಂ ಅಂದೆ. "ಹಂಗೇ ಬಿಡು. ನಾನು ಬರೋವರೆಗೂ ಮುಟ್ಟಬೇಡ."

ಡಿಸೆಂಬರ್ 15ಕ್ಕೆ ದೇಶದ ಗಡಿ ನಮ್ಮಂಥ ವೀಸಾದವರಿಗೆ ತೆರೆದರೂ ಪಶ್ಚಿಮ ಆಸ್ಟ್ರೇಲಿಯಾ ತೆರೆದದ್ದು 2022ರ ಮಾರ್ಚ್ 3ಕ್ಕೆ. ಅದಾದ ಮೇಲೆ ಬಂದರು. ಎರಡು ವರ್ಷ ಆಗಿತ್ತು, ಅವಳು ನನ್ನ ಭುಜದವರೆಗೆ ಬೆಳೆದಿದ್ದಳು. ಬಂದ ವಾರ ಆಟ ಹಿಡಿದಳು. ಆ ಆಟದಲ್ಲಿ ಮೂರನೇ ವರ್ಷದ ಶುರುವಿಗೆ ಸತ್ತ ತಾತ ಒಂದು ಸಲ ಬಂದು, ಹೊಲ ಹೆಂಗೆ ನೋಡಿಕೊಂಡಿದ್ದೀಯ ಅಂತ ನೋಡಿ ಹೋಗ್ತಾನೆ. ನಾನು ಆಡಿದಾಗಲೂ ಬಂದಿರಬೇಕು, ನಿದ್ದೆಗಣ್ಣಲ್ಲಿ ಓದದೇ ಬಟನ್ ಒತ್ತಿ ದಾಟಿಸಿದ್ದೆ. ಅವಳು ಪೂರ್ತಿ ಓದಿದಳು. ಅಡುಗೆಮನೆಯಿಂದ ಅವಳಮ್ಮನನ್ನ ಕರೆದು ತೋರಿಸಿದಳು.

ಸರಿ, ಈಗ ಕೆಲಸದ ಮಾತು. ಹೇಳೋಕೆ ಬಂದಿದ್ದು ಇದೇ.

ಸ್ವಿಚ್ ಇರೋರು ಕೇಳಿ. ಮೊದಲನೇ ಸ್ವಿಚ್‌ನಲ್ಲಿ ಒಳಗಿನ ಜಾಗ 32 ಜಿಬಿ, ಅದರಲ್ಲೂ ಕೈಗೆ ಸಿಗೋದು 26ರ ಹತ್ತಿರ. ಓಎಲ್‌ಇಡಿಯಲ್ಲಿ 64. ಹಾಗಾಗಿ ಕಾರ್ಡ್ ಬೇಕೇ ಬೇಕು. ಇಳಿಸಿದ ಆಟ ಕಾಣ್ತಿಲ್ಲ ಅಂತೀರಲ್ಲ, ಮುಖಪುಟದ ಸಾಲಿನಲ್ಲಿ ಹನ್ನೆರಡು ಆಟ ಮಾತ್ರ ಕಾಣುತ್ತೆ. ಬಲಕ್ಕೆ ತಳ್ಳಿ ತಳ್ಳಿ ತುದಿಗೆ ಹೋದರೆ ಆಲ್ ಸಾಫ್ಟ್‌ವೇರ್ ಅಂತ ಇರುತ್ತೆ, ಉಳಿದವು ಅಲ್ಲಿವೆ. ಅಲ್ಲೂ ಇಲ್ಲ ಅಂದ್ರೆ ನೀವು ಕೊಂಡಿದ್ದು ಯಾವ ಅಕೌಂಟಿನಲ್ಲಿ ಅಂತ ನೋಡಿ. ರೂಮ್‌ಮೇಟ್ ಅಕೌಂಟಿನಲ್ಲಿ ಕೊಂಡು ತನ್ನ ಅಕೌಂಟಿನಲ್ಲಿ ಹುಡುಕಿದವರನ್ನ ನಾನು ಕಂಡಿದ್ದೀನಿ.

ಜಾಗ ತುಂಬಿದೆ ಅಂದಾಗ ಹೆದರಬೇಡಿ. ಸಿಸ್ಟಮ್ ಸೆಟ್ಟಿಂಗ್ಸ್, ಅದರಲ್ಲಿ ಡೇಟಾ ಮ್ಯಾನೇಜ್‌ಮೆಂಟ್. ಯಾವ ಆಟ ಎಷ್ಟು ಜಾಗ ತಿಂತಿದೆ ಅಂತ ಪಟ್ಟಿ ಬರುತ್ತೆ. ಒಂದು ಆಟ ಒತ್ತಿದರೆ ಆರ್ಕೈವ್ ಮಾಡಲೋ ಡಿಲೀಟ್ ಮಾಡಲೋ ಅಂತ ಕೇಳುತ್ತೆ. ಆರ್ಕೈವ್ ಮಾಡಿದರೆ ಆಟ ಹೋಗುತ್ತೆ, ಚಿತ್ರ ಮುಖಪುಟದಲ್ಲೇ ಉಳಿಯುತ್ತೆ, ಬೇಕಾದಾಗ ಅದನ್ನೇ ಒತ್ತಿ ಮತ್ತೆ ಇಳಿಸ್ಕೋಬಹುದು. ಡಿಲೀಟ್ ಮಾಡಿದರೆ ಚಿತ್ರವೂ ಹೋಗುತ್ತೆ. ಆದರೆ ಎರಡರಲ್ಲೂ ಸೇವ್ ಹೋಗೋಲ್ಲ, ಇದು ನೆನಪಿರಲಿ. ಕೊಂಡ ಆಟವನ್ನ ಅದೇ ಅಕೌಂಟಿನಿಂದ ಎಷ್ಟು ಸಲ ಬೇಕಾದರೂ ಪುಕ್ಕಟೆ ಇಳಿಸ್ಕೋಬಹುದು. ಸೇವ್ ಅಳಿಸೋದಕ್ಕೆ ಅದೇ ಡೇಟಾ ಮ್ಯಾನೇಜ್‌ಮೆಂಟ್‌ನಲ್ಲಿ ಬೇರೆಯದೇ ಬಾಗಿಲು ಇದೆ. ಆ ಬಾಗಿಲ ಕಡೆ ರಾತ್ರಿ ಹನ್ನೊಂದು ಗಂಟೆ ಮೇಲೆ ಹೋಗಬೇಡಿ.

2020ರ ಏಪ್ರಿಲ್ ಅಪ್‌ಡೇಟ್ ಆದ ಮೇಲೆ ಇಳಿಸಿದ ಆಟವನ್ನ ಒಳಗಿಂದ ಕಾರ್ಡಿಗೆ, ಕಾರ್ಡಿಂದ ಒಳಗೆ ಸಾಗಿಸೋಕೂ ಆಗುತ್ತೆ. ಸಣ್ಣ ಕಾರ್ಡಿಂದ ದೊಡ್ಡ ಕಾರ್ಡಿಗೆ ಹೋಗಬೇಕಾದರೆ, ಅದೇ ಮೆಷಿನ್‌ಗೆ ಆದರೆ, ಮತ್ತೆ ಇಳಿಸೋ ಕಷ್ಟ ಇಲ್ಲ. ಕಾರ್ಡ್ ಕಂಪ್ಯೂಟರಿಗೆ ಹಾಕಿ, ನಿಂಟೆಂಡೋ ಅನ್ನೋ ಫೋಲ್ಡರನ್ನ ಹಾಗೇ ಪೂರ್ತಿ ಎತ್ತಿ ಡೆಸ್ಕ್‌ಟಾಪಿಗೆ ಹಾಕಿ, ಅಲ್ಲಿಂದ ಹೊಸ ಕಾರ್ಡಿಗೆ. ಒಳಗೆ ಕಂಟೆಂಟ್ಸ್ ಅನ್ನೋದರಲ್ಲಿ ಆಟಗಳು, ಆಲ್ಬಮ್ ಅನ್ನೋದರಲ್ಲಿ ನೀವು ತೆಗೆದ ಚಿತ್ರಗಳು, ವರ್ಷ ತಿಂಗಳು ದಿನದ ಪ್ರಕಾರ. ಅಲ್ಲೇ ಸೇವ್ ಅಂತಲೂ ಒಂದು ಫೋಲ್ಡರ್ ಇದೆ ನೋಡಿ, ನನ್ನಂಥವರನ್ನ ಮೋಸ ಮಾಡೋಕೆ ಅಂತಲೇ ಇಟ್ಟ ಹಾಗಿದೆ. ಅದರಲ್ಲಿ ನಿಮ್ಮ ಆಟದ ಲೆಕ್ಕ ಇಲ್ಲ.

ಕ್ಲೌಡ್ ಇದೆ ಅಂತ ನಿಶ್ಚಿಂತೆಯಾಗಿ ಇರಬೇಡಿ, ಎಲ್ಲಾ ಆಟಕ್ಕೂ ಅದು ನಡೆಯೋಲ್ಲ. ಪೋಕೆಮಾನ್ ಸ್ವೋರ್ಡ್, ಶೀಲ್ಡ್ ಆಡೋರು, ನಿಮ್ಮ ಸೇವ್ ಕ್ಲೌಡಿಗೆ ಹೋಗೋದೇ ಇಲ್ಲ. ಹೊಸ ಮೆಷಿನ್ ಕೊಂಡರೆ ಹಳೇದನ್ನ ಮಾರೋ ಮುಂಚೆ ಎರಡನ್ನೂ ಪಕ್ಕದಲ್ಲಿಟ್ಟು ಸಾಗಿಸಿ, ಹೊಸದರಲ್ಲಿ ಆಟ ತೆರೆದು ಕಣ್ಣಾರೆ ನೋಡಿ, ಆಮೇಲೆ ಅಳಿಸಿ.

ಕ್ಯಾಂಪಿಗೆ ಹೊರಡೋ ಹಿಂದಿನ ದಿನ ಮನೆಯ ವೈಫೈಯಲ್ಲೇ ಎಲ್ಲಾ ಇಳಿಸಿ, ಪ್ರತಿ ಆಟ ಒಂದು ಸಲ ತೆರೆದು ನೋಡಿ. ಇಳಿಸಿದ್ದೀನಿ ಅನ್ನೋದು ಬೇರೆ, ಅಪ್‌ಡೇಟ್ ಮುಗಿದು ತೆರೆಯುತ್ತೆ ಅನ್ನೋದು ಬೇರೆ. ಅಲ್ಲಿಗೆ ಹೋಗಿ ಮೂವತ್ತು ಜಿಬಿ ಇಳಿಸ್ತೀನಿ ಅಂದ್ರೆ ನಿಮ್ಮ ರೋಸ್ಟರೇ ಮುಗಿಯುತ್ತೆ. ಬಿಸಿಲಿನ ಮಾತೂ ಹೇಳಿಬಿಡ್ತೀನಿ. ಸ್ವಿಚ್ ಕೆಲಸ ಮಾಡೋಕೆ ಅಂತ ಹೇಳಿರೋ ಮಿತಿ 35 ಡಿಗ್ರಿ. ಪಿಲ್ಬರಾದ ಮಾರ್ಬಲ್ ಬಾರ್‌ನಲ್ಲಿ 1923–24ರಲ್ಲಿ 160 ದಿನ ಒಂದೇ ಸಮ 37.8 ಡಿಗ್ರಿಗೆ ಇಳಿಯದೇ ಕಾದಿತ್ತು. ಯೂಟ್‌ನ ಡ್ಯಾಶ್‌ಬೋರ್ಡ್ ಮೇಲೆ ಇಡಬೇಡಿ, ರೂಮಿನಲ್ಲೇ ಬಿಡಿ.

ಕಾರ್ಡ್ ಕೊಳ್ಳೋವಾಗ ಅಗ್ಗ ನೋಡಬೇಡಿ. 512 ಜಿಬಿ ಅಂತ ಬರೆದು ಒಳಗೆ 32 ಇರೋ ನಕಲಿಗಳು ಬೇಕಾದಷ್ಟಿವೆ. ಮೆಷಿನ್‌ಗೆ ಹಾಕಿದಾಗ 512 ಅಂತಲೇ ತೋರಿಸುತ್ತೆ, 32 ತುಂಬಿದ ಮೇಲೆ ಬರೆದದ್ದೆಲ್ಲ ಗಾಳಿಗೆ. ವಿಂಡೋಸ್‌ನಲ್ಲಿ ಎಚ್‌2ಟೆಸ್ಟ್‌ಡಬ್ಲ್ಯೂ, ಮ್ಯಾಕ್ ಅಥವಾ ಲಿನಕ್ಸ್‌ನಲ್ಲಿ ಎಫ್3 ಅಂತ ಪುಕ್ಕಟೆ ಪ್ರೋಗ್ರಾಂಗಳಿವೆ. ಕಾರ್ಡ್ ತುಂಬ ಬರೆದು, ವಾಪಸ್ ಓದಿ, ನಿಜ ಎಷ್ಟು ಅಂತ ಹೇಳಿಬಿಡುತ್ತವೆ. ಗಂಟೆಗಟ್ಟಲೆ ಹಿಡಿಯುತ್ತೆ, ರಾತ್ರಿ ಹಚ್ಚಿ ಮಲಗಿ. ಹೊಸ ಕಾರ್ಡಿಗೆ ಆಟ ಹಾಕೋ ಮುಂಚೆಯೇ ಮಾಡಿ.

2023ರಲ್ಲಿ ಕೆಲಸದ ಮೇಲೆ ಬ್ರಿಸ್ಬೇನಿಗೆ ಹೋದೆವು. ಬ್ರಿಸ್ಬೇನಿನವರು ಈಗ ಕೈ ಎತ್ತಬಹುದು, ಫ್ರೂಟ್ ನಿಂಜಾ ನಿಮ್ಮೂರದ್ದೇ, ಹಾಫ್‌ಬ್ರಿಕ್‌ನವರದ್ದು. ಅನ್‌ಪ್ಯಾಕಿಂಗ್ ಅಂತ ಇನ್ನೊಂದು ಆಟ, 2021ರ ನವೆಂಬರ್‌ನಲ್ಲಿ ಬಂದದ್ದು, ಅದೂ ಅಲ್ಲಿನ ವಿಚ್ ಬೀಮ್‌ನವರದ್ದು. ಒಂದು ಹುಡುಗಿ 1997ರಿಂದ 2018ರವರೆಗೆ ಮನೆ ಬದಲಿಸ್ತಾ ಹೋಗ್ತಾಳೆ, ನಾವು ಅವಳ ರಟ್ಟಿನ ಡಬ್ಬಿ ಬಿಚ್ಚಿ ಸಾಮಾನು ಜೋಡಿಸಬೇಕು, ಅಷ್ಟೇ ಆಟ. ನಿಜವಾದ ಡಬ್ಬಿಗಳು ಹಾಲ್‌ನಲ್ಲಿ ಬಿದ್ದಿದ್ದವು, ನನ್ನ ಹೆಂಡತಿ ಸೋಫಾ ಮೇಲೆ ಕೂತು ಆಟದ ಡಬ್ಬಿ ಬಿಚ್ಚುತ್ತಿದ್ದಳು. ಏನೂ ಅನ್ನಲಿಲ್ಲ ನಾನು.

ಅಲ್ಲಿ ನಮ್ಮ ಪೈಕಿ ಒಬ್ಬರು, ವಯಸ್ಸಾದವರ ಆರೈಕೆ ಮನೆಯಲ್ಲಿ ಕೆಲಸ ಮಾಡೋರು, ಹಳೇ 3ಡಿಎಸ್ ತಂದರು. ಜಾಗ ಇಲ್ಲ ಅಂತ ಕಾರ್ಡನ್ನ ಕಂಪ್ಯೂಟರಿಗೆ ಹಾಕಿ ನೋಡಿದ್ದಾರೆ. ನಿಂಟೆಂಡೋ 3ಡಿಎಸ್ ಅಂತ ಫೋಲ್ಡರ್, ಅದರೊಳಗೆ ಮೂವತ್ತೆರಡು ಅಕ್ಷರ ಅಂಕಿ ಕಲಸಿದ ಹೆಸರಿನ ಇನ್ನೊಂದು. ಕಸ ಅಂದುಕೊಂಡು ಅಳಿಸಿದ್ದಾರೆ. ಅದೇ ಅವರ ಆಟಗಳು, ಇಳಿಸಿದ ಆಟಗಳ ಸೇವ್‌ಗಳೂ ಸೇರಿ. 3ಡಿಎಸ್‌ನಲ್ಲಿ ಆ ಹೆಸರುಗಳನ್ನ ಮುಟ್ಟಲೂಬಾರದು, ತಿದ್ದಲೂಬಾರದು. ಆ ಅಂಗಡಿ 2023ರ ಮಾರ್ಚ್ ಕೊನೆಗೆ ಮುಚ್ಚಿದೆ, ಹೊಸದು ಕೊಳ್ಳೋಕಾಗೋಲ್ಲ. ಹಿಂದೆ ಕೊಂಡಿದ್ದನ್ನ ಮತ್ತೆ ಇಳಿಸ್ಕೊಳ್ಳೋಕೆ ಬಿಟ್ಟಿದ್ದಾರೆ, ಹಾಗಾಗಿ ಆಟಗಳು ಬಂದವು, ಸೇವ್ ಹೋಯ್ತು. ಅವರ ನಿಜವಾದ ಚಿಂತೆ ಆಟ ಆಗಿರಲಿಲ್ಲ. ತೀರಿಹೋದ ಅವರಮ್ಮನ ಫೋಟೋ ಅದರ ಕ್ಯಾಮೆರಾದಲ್ಲೇ ತೆಗೆದಿದ್ದರಂತೆ. ಫೋಟೋಗಳು ಬೇರೆ ಫೋಲ್ಡರಿನಲ್ಲಿರುತ್ತವೆ, ಡಿಸಿಐಎಂ ಅಂತ, ನಮ್ಮ ಫೋನಿನಲ್ಲಿದ್ದ ಹಾಗೇ. ಅದು ಹಾಗೇ ಇತ್ತು. ಕಂಪ್ಯೂಟರಿಗೆ ಹಾಕಿ ಎರಡು ಕಡೆ ನಕಲು ಮಾಡಿಕೊಟ್ಟೆ. ಮೈಸೂರುಪಾಕು ತಂದುಕೊಟ್ಟರು.

ಈಗ ಅಡಿಲೇಡ್. ಈ ಊರಿನ ಟೀಮ್ ಚೆರಿ ಅನ್ನೋ ಮೂರ್ನಾಲ್ಕು ಜನ 2014ರಲ್ಲಿ ಜನರಿಂದಲೇ 57 ಸಾವಿರ ಡಾಲರ್ ಚಿಲ್ಲರೆ ಕೂಡಿಸಿ ಹಾಲೋ ನೈಟ್ ಮಾಡಿದರು, 2017ರಲ್ಲಿ ಬಂತು. ಅದರ ಮುಂದಿನದು, ಸಿಲ್ಕ್‌ಸಾಂಗ್, ಮೊನ್ನೆ ಸೆಪ್ಟೆಂಬರ್ 4ಕ್ಕೆ ಬಂತು. ಜಗತ್ತೆಲ್ಲ ಒಟ್ಟಿಗೇ ನುಗ್ಗಿ ಆನ್‌ಲೈನ್ ಅಂಗಡಿಗಳೇ ಸ್ವಲ್ಪ ಹೊತ್ತು ಮಲಗಿಬಿಟ್ಟವು. ನನ್ನ ಮಗಳಿಗೆ ಈಗ ಹದಿನಾಲ್ಕು, ನಮ್ಮೂರಿನ ಆಟ ಅಂತಾಳೆ. ನಮ್ಮೂರು ಅಂದ್ರೆ ಅಡಿಲೇಡ್. ಇರಲಿ.

ಇಲ್ಲಿನ ಹುಡುಗರ ಕೈಯಲ್ಲಿ ಸ್ಟೀಮ್ ಡೆಕ್ ಜಾಸ್ತಿ, 2024ರ ನವೆಂಬರ್‌ನಿಂದ ಆಸ್ಟ್ರೇಲಿಯಾದಲ್ಲೇ ಸಿಗ್ತಿದೆ. ಇದು ನಿಜಕ್ಕೂ ಒಂದು ಲಿನಕ್ಸ್ ಕಂಪ್ಯೂಟರ್, ಸ್ವಿಚ್‌ನಷ್ಟು ಬೀಗ ಹಾಕಿಲ್ಲ, ಹಾಗಾಗಿ ಕೆಡಿಸೋಕೆ ಅವಕಾಶವೂ ಜಾಸ್ತಿ. ಸೆಟ್ಟಿಂಗ್ಸ್‌ನ ಸ್ಟೋರೇಜ್‌ನಲ್ಲಿ ಆಟಗಳ ಪಟ್ಟಿ, ತೂಕ ಎಲ್ಲಾ ಬರುತ್ತೆ, ಅಲ್ಲಿಂದಲೇ ಕಾರ್ಡಿಗೆ ಸಾಗಿಸಿ. ಡೆಸ್ಕ್‌ಟಾಪ್ ಮೋಡ್‌ಗೆ ಹೋಗಿ ಫೈಲ್ ಹುಡುಕೋರಿಗೆ ಏನೂ ಕಾಣೋದಿಲ್ಲ, ಯಾಕಂದ್ರೆ ಚುಕ್ಕಿಯಿಂದ ಶುರುವಾಗೋ ಫೋಲ್ಡರ್ ಅಡಗಿರುತ್ತೆ. ಕಂಟ್ರೋಲ್ ಎಚ್ ಒತ್ತಿ. ಹೋಮ್ ಒಳಗೆ ಚುಕ್ಕಿ ಲೋಕಲ್, ಶೇರ್, ಸ್ಟೀಮ್, ಸ್ಟೀಮ್‌ಆಪ್ಸ್. ಅದರಲ್ಲಿ ಕಾಮನ್ ಅನ್ನೋದರಲ್ಲಿ ಆಟಗಳು ಹೆಸರಿನಿಂದಲೇ ಇರ್ತವೆ. ಪಕ್ಕದಲ್ಲಿ ಕಾಂಪ್ಯಾಟ್‌ಡೇಟಾ ಅಂತ, ಅದರಲ್ಲಿ ಬರೀ ನಂಬರ್. ವಿಂಡೋಸ್ ಆಟಗಳ ಸೇವ್ ಬಹಳ ಸಲ ಆ ನಂಬರಿನೊಳಗೇ ಕೂತಿರುತ್ತೆ. ಒಂದೊಂದು ನಂಬರ್ ಒಂದೊಂದು ಆಟ, ಸ್ಟಾರ್‌ಡ್ಯೂ ವ್ಯಾಲಿಯ ನಂಬರ್ 413150, ನನಗೆ ಬಾಯಿಪಾಠ. ಜಾಗ ಆಗಲಿ ಅಂತ ಅದನ್ನ ಗುಡಿಸೋ ಮುಂಚೆ ಆ ಆಟಕ್ಕೆ ಸ್ಟೀಮ್ ಕ್ಲೌಡ್ ಇದೆಯಾ ನೋಡಿ. ಇನ್ನೊಂದು, ಡೆಕ್‌ನಲ್ಲಿ ಫಾರ್ಮ್ಯಾಟ್ ಮಾಡಿದ ಕಾರ್ಡನ್ನ ವಿಂಡೋಸ್ ಓದೋಲ್ಲ. ಹಾಕಿದ ತಕ್ಷಣ, ಫಾರ್ಮ್ಯಾಟ್ ಮಾಡಲಾ ಅಂತ ವಿನಯವಾಗಿ ಕೇಳುತ್ತೆ. ಬೇಡ ಅನ್ನಿ. ನಮ್ಮಲ್ಲೇ ಇಬ್ಬರು ಹೂಂ ಅಂದಿದ್ದಾರೆ, ಹೆಸರು ಹೇಳೋಲ್ಲ, ಎರಡನೇ ಸಾಲಿನಲ್ಲಿ ಕೂತು ನಗ್ತಿದ್ದಾರೆ.

ಜೂನ್‌ನಲ್ಲಿ ಬಂದ ಸ್ವಿಚ್ 2 ಕೊಳ್ಳೋರಿಗೆ ಒಂದೇ ಮಾತು. ಒಳಗೆ 256 ಜಿಬಿ ಇದೆ. ಆಟ ಇಡೋಕೆ ಮೈಕ್ರೋ ಎಸ್‌ಡಿ ಎಕ್ಸ್‌ಪ್ರೆಸ್ ಅನ್ನೋ ಕಾರ್ಡೇ ಬೇಕು. ಹಳೇ ಕಾರ್ಡ್ ಹಾಕಿದರೆ ಅದರಲ್ಲಿರೋ ಚಿತ್ರ, ವಿಡಿಯೋ ಮಾತ್ರ ತಗೊಳ್ಳುತ್ತೆ. ಡಬ್ಬಿ ಮೇಲೆ ಇಎಕ್ಸ್ ಗುರುತು ನೋಡಿ ಕೊಳ್ಳಿ.

ಇವತ್ತು ಲ್ಯಾಪ್‌ಟಾಪ್, ಕಾರ್ಡ್ ರೀಡರ್ ತಂದಿದ್ದೀನಿ. ಮೆಷಿನ್ ತಂದಿರೋರು ಊಟ ಆದ ಮೇಲೆ ಮೂಲೆಯ ಟೇಬಲಿಗೆ ಬನ್ನಿ, ಮಗಳು ಅಲ್ಲಿರ್ತಾಳೆ. ನನಗಿಂತ ಅವಳಿಗೇ ಚೆನ್ನಾಗಿ ಗೊತ್ತು. ಪರ್ತ್ ಮತ್ತು ಬ್ರಿಸ್ಬೇನಿನವರು ಸಂಜೆ ಆರರ ಮೇಲೆ ಫೋನ್ ಮಾಡಿ, ನಿಮ್ಮ ಆರಲ್ಲ, ನಮ್ಮ ಆರು. ಮೆಷಿನ್ ಮಾರೋಕೆ ಹೊರಟಿರೋರು ಇದ್ದರೆ ಇವತ್ತೇ ಮಾಡಿ.